ಮೂವತ್ತು ಗಳಿಗೆಗೆ ಸಾಕ್ಷಿ

ಸೇತುವೆಯ ಆಚೆ

ಧಾರವಾಡದವನು ಪರದೇಶ ನೋಡಲು ಹಡಗು ಹತ್ತಬೇಕಾಗಿಲ್ಲ. ಗುಂತಕಲ್ಲಿನಲ್ಲಿ ಗಾಡಿ ಬದಲಿಸಿ ತುಂಗಭದ್ರೆಯ ಸೇತುವೆ ದಾಟಿದರೆ ಸಾಕು. ಆಚೆ ದಡ ನಿಜಾಮರ ರಾಜ್ಯ. ನಾಣ್ಯ ಬೇರೆ, ಅಂಚೆ ಚೀಟಿ ಬೇರೆ, ಕಚೇರಿಯ ಭಾಷೆ ಬೇರೆ. ಜನ ಮಾತ್ರ ನಮ್ಮ ಹಾಗೆಯೇ ಕನ್ನಡ ಮಾತಾಡುತ್ತಾರೆ. ಇಷ್ಟೆಲ್ಲ ಬೇರೆಯಾಗಿರುವಾಗ ಮಾತೊಂದೇ ಹೇಗೆ ಉಳಿಯಿತು ಎಂದು ನನಗೆ ಮೊದಲ ಅನುಮಾನ ಹುಟ್ಟಿದ್ದು ಅಲ್ಲೇ.

ಯುದ್ಧ ಮುಗಿದ ಮರುವರ್ಷದ ಮಾಘ ಮಾಸ. ನನ್ನನ್ನು ಕರೆಸಿಕೊಂಡವನು ಪ್ರಹ್ಲಾದ. ಪುಣೆಯ ಕಾಲೇಜಿನಲ್ಲಿ ಒಂದೇ ಕೋಣೆಯಲ್ಲಿದ್ದವರು ನಾವು. ನಾನು ಎಂ.ಎ. ಮುಗಿಸಿ ಧಾರವಾಡದಲ್ಲಿ ತರ್ಕಶಾಸ್ತ್ರ ಕಲಿಸತೊಡಗಿದೆ. ಅವನು ಓದು ಬಿಟ್ಟು ಮುಂಬಯಿಗೆ ಹೋಗಿ ಫಿಲ್ಮು ತೊಳೆಯುವ ಕೆಲಸಕ್ಕೆ ಸೇರಿ, ಯುದ್ಧದ ಕಾಲದಲ್ಲಿ ಅದೂ ನಿಂತು, ರಾಯಚೂರಿನ ಒಂದು ಟಾಕೀಸಿನಲ್ಲಿ ಯಂತ್ರ ನಡೆಸುವವನಾಗಿದ್ದ. ಆದರೆ ಅವನಿಗೆ ತನ್ನದೇ ಚಿತ್ರ ತೆಗೆಯುವ ಹುಚ್ಚು. ಅದರಲ್ಲಿ ರಾಜನಿಲ್ಲ, ರಾಣಿಯಿಲ್ಲ, ಹಾಡಿಲ್ಲ.

ಅವನ ಕಾಗದ ಹೀಗಿತ್ತು: ‘ಎರೆಭೂಮಿ ಬಾಯಿ ಬಿಡುವುದನ್ನು ಫಿಲ್ಮಿನಲ್ಲಿ ಹಿಡಿದಿದ್ದೇನೆ. ಮುಂಬಯಿಯ ಒಂದು ಕೃಷಿವಿಜ್ಞಾನ ಸಂಘದವರು ಒಪ್ಪಿದರೆ ಮೂರು ವರ್ಷದ ಕೆಲಸ, ಕ್ಯಾಮೆರಾ, ರೀಲು ಎಲ್ಲ ಕೊಡುತ್ತಾರೆ. ಚಿತ್ರದಲ್ಲಿ ಮೋಸವಿಲ್ಲ, ನಡುವೆ ಬಿಡುವಿಲ್ಲ ಎಂದು ಪದವಿ ಪಡೆದ, ನಮ್ಮ ನೆಂಟನಲ್ಲದ ಒಬ್ಬನ ಸಹಿ ಬೇಕಂತೆ. ಯುಗಾದಿಯೊಳಗೆ ಇದು ಆಗದಿದ್ದರೆ ಗುಡಿಯ ಸೇವೆಗೆ ನಿಲ್ಲುತ್ತೇನೆಂದು ಅಪ್ಪನಿಗೆ ಮಾತು ಕೊಟ್ಟಿದ್ದೇನೆ. ನೀನು ಯಾರನ್ನೂ ನಂಬುವವನಲ್ಲ. ಬಾ.’

ರಾಯಚೂರು ನಿಲ್ದಾಣದಲ್ಲಿ ಕರೋಡ್ಗಿರಿಯವರು, ಎಂದರೆ ಅಲ್ಲಿನ ಸುಂಕದವರು, ನನ್ನ ಪೆಟ್ಟಿಗೆ ತೆರೆಸಿದರು. ಎರಡು ಧೋತರ, ಮೂರು ಪುಸ್ತಕ, ಒಂದು ಭೂತಗನ್ನಡಿ. ಜಮಾದಾರ ಭೂತಗನ್ನಡಿಯನ್ನು ಕಣ್ಣಿಗೆ ಹಿಡಿದು ನನ್ನನ್ನೇ ನೋಡಿದ.

“ಇದರಿಂದ ಏನ್ ಮಾಡ್ತೀರಿ?”

“ಸಣ್ಣ ವಸ್ತು ದೊಡ್ಡದಾಗಿ ಕಾಣಸ್ತದ್ರಿ.”

“ನಮ್ಮ ಮುಲ್ಕಿನಾಗ ದೊಡ್ಡ ಚೀಜು ಕಮ್ಮಿ ಅವೇನ್ರಿ ಸಾಬ್, ಸಣ್ಣವನ್ನ ದೊಡ್ಡದು ಮಾಡಾಕ ಧಾರವಾಡದಿಂದ ಬರಾಕ?” ಎಂದು ಅದನ್ನು ಪೆಟ್ಟಿಗೆಗೆ ಎಸೆದ.

ರಾಯಚೂರು

ಟಾಕೀಸಿನ ಹಿಂದಿನ ಕೋಣೆ ಪ್ರಹ್ಲಾದನ ಮನೆ. ಕೋಟೆಯ ಗುಡ್ಡದ ಬಂಡೆಗಳು ಕಿಟಕಿಗೆ ಕಾಣುತ್ತವೆ. ಭಾನುವಾರದ ಮ್ಯಾಟಿನಿ ಆಟದ ನಗು, ಸೀಟಿ ಗೋಡೆ ದಾಟಿ ಬರುತ್ತಿತ್ತು. ಅವನು ಕಿಟಕಿಗೆ ಕಂಬಳಿ ಕಟ್ಟಿ, ಸಣ್ಣ ಯಂತ್ರವೊಂದನ್ನು ಕೈಯಿಂದ ತಿರುಗಿಸುತ್ತ ಸುಣ್ಣದ ಗೋಡೆಯ ಮೇಲೆ ತನ್ನ ಚಿತ್ರ ತೋರಿಸಿದ.

ಕರಿಯ ನೆಲ. ಕೂದಲೆಳೆಯಷ್ಟು ಬಿರುಕು. ಪಕ್ಕದಲ್ಲಿ ಅಳತೆಗೆ ನೆಟ್ಟ ಒಂದು ಕಡ್ಡಿ. ಕಡ್ಡಿಯ ನೆರಳು ಗೋಡೆಯ ಮೇಲೆ ಬೀಸಣಿಗೆಯ ಹಾಗೆ ಪಡುವಣದಿಂದ ಮೂಡಣಕ್ಕೆ ಒಮ್ಮೆ ಬೀಸಿದರೆ ಒಂದು ದಿನ. ಹಾಗೆ ನಲವತ್ತು ದಿನ, ಒಂದು ನಿಮಿಷದ ಆಚೀಚೆಯಲ್ಲಿ. ಬಿರುಕು ಹಗಲು ಹಿಗ್ಗುತ್ತದೆ, ಮರುಬೆಳಗಿಗೆ ತುಸು ಕುಗ್ಗಿರುತ್ತದೆ, ಮತ್ತೆ ಇನ್ನಷ್ಟು ಹಿಗ್ಗುತ್ತದೆ. ಕೊನೆಗೆ ಕೈ ಹೋಗುವಷ್ಟು ಅಗಲ. ಮಲಗಿದ ದನದ ಪಕ್ಕೆ ಏರಿ ಇಳಿದಂತೆ ಕಂಡಿತು. ಎದೆ ಒಮ್ಮೆ ಝಲ್ಲೆಂದಿತು. ಹಾಗೆ ಆದಾಗಲೆಲ್ಲ ನಾನು ಎಚ್ಚರವಾಗುತ್ತೇನೆ.

“ಭೂಮಿ ಉಸಿರಾಡ್ತದ ಅನ್ನೋದು ನಿಂಗ ಗೊತ್ತಿತ್ತೇನು, ಶಾಮ್ಯಾ?”

“ಗೊತ್ತಿರಲಿಲ್ಲ. ಈಗೂ ನಂಬಂಗಿಲ್ಲ.”

“ಅದಕ್ಕ ನಿನ್ನ ಕರಸೀನಿ. ನಮ್ಮ ಕಣ್ಣಿಗೆ ಅವಸರ ಭಾಳ. ಭೂಮಿಗೆ ಆ ಅವಸರ ಇಲ್ಲ. ಇಬ್ಬರ ನಡುವ ಒಂದು ಯಂತ್ರ ಇಟ್ಟೀನಿ, ಅಷ್ಟ. ಒಂದೊಂದು ಚಿತ್ರಾನೂ ಬ್ಯಾರೆ, ಸುಮ್ಮನ ನಿಂತದ್ದು. ಓಡಾಟ ಅನ್ನೋದು ನಮ್ಮ ಕಣ್ಣಿನ ಭ್ರಮಾ.”

ಚಿತ್ರ ತೆಗೆದದ್ದು ದೇವದುರ್ಗದ ಹತ್ತಿರ, ಅವನ ಸೋದರತ್ತೆ ಭೀಮಕ್ಕನ ಹೊಲದಲ್ಲಿ. ಗುಂಡಿ ಒತ್ತಿದರೆ ಕ್ಯಾಮೆರಾ ಒಂದೇ ಒಂದು ಚಿತ್ರ ಹಿಡಿಯುತ್ತದೆ. ಎಷ್ಟು ಹೊತ್ತಿಗೊಮ್ಮೆ ಒತ್ತಬೇಕೆಂದು ತಿಳಿಯಲು ಗಡಿಯಾರ ಇರಲಿಲ್ಲ. ಮನೆಯಲ್ಲಿ ಮದುವೆ ಮುಹೂರ್ತಕ್ಕೆ ಬಳಸುವ ಗಳಿಗೆ ಬಟ್ಟಲು ಇತ್ತು. ತಳದಲ್ಲಿ ಸೂಜಿತೂತಿರುವ ತಾಮ್ರದ ಬಟ್ಟಲು. ನೀರಿನ ಮೇಲೆ ಬಿಟ್ಟರೆ ಸರಿಯಾಗಿ ಒಂದು ಗಳಿಗೆಗೆ, ಅಂದರೆ ಇಪ್ಪತ್ತನಾಲ್ಕು ನಿಮಿಷಕ್ಕೆ ಮುಳುಗುತ್ತದೆ. ಮುಳುಗಿದಾಗೊಮ್ಮೆ ಒಂದು ಚಿತ್ರ. ಹಗಲಿಗೆ ಮೂವತ್ತು. ಪ್ರಹ್ಲಾದನಿಗೆ ಟಾಕೀಸಿನಿಂದ ಬಿಡುವು ಸಿಗುವುದು ಭಾನುವಾರ ಮಾತ್ರ; ಅಂದು ಯಂತ್ರ ನಡೆಸಲು ಬದಲಿ ಆಳು ಬರುತ್ತಿದ್ದ. ಉಳಿದ ದಿನ ಭೀಮಕ್ಕನೇ ಬಟ್ಟಲು ಕಾದು ಗುಂಡಿ ಒತ್ತುತ್ತಿದ್ದರು.

ಮರುದಿನ ಬೆಳಿಗ್ಗೆ ಫಿಲ್ಮಿನ ಪಟ್ಟಿಯನ್ನು ಕಿಟಕಿಯ ಬೆಳಕಿಗೆ ಹಿಡಿದು ಭೂತಗನ್ನಡಿಯಿಂದ ಒಂದೊಂದೇ ಚಿತ್ರ ನೋಡಿದೆ. ನೆರಳು ಒಂದೇ ಅಳತೆಯ ಹೆಜ್ಜೆ ಹಾಕುತ್ತ ಹೋಗುತ್ತದೆ. ಆದರೆ ದಿನಕ್ಕೊಂದು ಕಡೆ ಒಮ್ಮೆಲೇ ನಾಲ್ಕೈದು ಹೆಜ್ಜೆ ಹಾರುತ್ತದೆ. ಮೂರೋ ನಾಲ್ಕೋ ಚಿತ್ರ ಇಲ್ಲ. ಸೋಮವಾರ ಬೆಳಗಿನಲ್ಲಿ, ಮಂಗಳವಾರ ಇಳಿಹೊತ್ತಿನಲ್ಲಿ, ಬುಧವಾರ ನಡುಮಧ್ಯಾಹ್ನ. ಎಂಟನೆಯ ದಿನಕ್ಕೆ ಮತ್ತೆ ಮೊದಲಿನ ಜಾಗ. ಭಾನುವಾರ ಮಾತ್ರ ಮೂವತ್ತಕ್ಕೆ ಮೂವತ್ತು.

“ಇದೇನು?”

“ಸ್ಪ್ರಿಂಗು ಜಾರಿರಬೇಕು,” ಎಂದ ಪ್ರಹ್ಲಾದ. ಅವನ ಮುಖ ಸಣ್ಣದಾಯಿತು.

“ಭಾನುವಾರ ಜಾರಂಗಿಲ್ಲೇನು ನಿನ್ನ ಸ್ಪ್ರಿಂಗು?”

ಅವನು ಪಟ್ಟಿಯನ್ನು ನನ್ನ ಕೈಯಿಂದ ತೆಗೆದುಕೊಂಡು ಸುತ್ತತೊಡಗಿದ. ಒಂದೂವರೆ ತಾಸಿನ ಬಿಡುವಿನಲ್ಲಿ ಹಾರೆ ಹಾಕಿ ಬಿರುಕನ್ನು ಅಗಲ ಮಾಡಬಹುದು. ಹಾರಿದ ಜಾಗದಾಚೆ ಬಿರುಕು ಹೆಚ್ಚು ಅಗಲವಾಗಿದೆ ಎಂದೂ ನನಗೆ ಅನ್ನಿಸಿತು. ತಾನಿದ್ದ ದಿನ ಚೊಕ್ಕ, ಇಲ್ಲದ ದಿನ ಕೊರತೆ: ಜಾಣ ಕಳ್ಳನ ಲೆಕ್ಕ ಹಾಗೆಯೇ ಅಲ್ಲವೆ? ಒಂದು ದಿನ ನಾನೇ ಕೂತು ಮೂವತ್ತು ಸಲ ಒತ್ತುತ್ತೇನೆ, ಸಹಿಯ ಮಾತು ಆಮೇಲೆ ಎಂದೆ.

“ಕೂಡು. ನಾ ಬರಂಗಿಲ್ಲ. ನಾ ಇದ್ರ ನಿಂಗ ಅದಕ್ಕೂ ಸಂಶಯ. ಕ್ಯಾಮೆರಾದಾಗ ಇನ್ನೂ ಒಂದಿಷ್ಟು ಫಿಲ್ಮು ಉಳಿದದ. ನಾ ರಜಾ ತಗೊಂಡು ಮಾನ್ವಿಗೆ, ನಮ್ಮಪ್ಪನ ಮನಿಗೆ ಹೋಗಿ ತೊಳಿಯೋ ಔಷಧ ಕಲಸಿ ಇಟ್ಟಿರ್ತೀನಿ.”

ದೇವದುರ್ಗದ ಬಸ್ಸು

ಪೆಟ್ರೋಲು ಇನ್ನೂ ಸಿಗುತ್ತಿರಲಿಲ್ಲ. ಬಸ್ಸು ಇದ್ದಿಲಿನ ಹೊಗೆಯ ಮೇಲೆ ಓಡುತ್ತಿತ್ತು. ಹಿಂದುಗಡೆ ಒಂದು ಒಲೆಯನ್ನೇ ಕಟ್ಟಿದ್ದರು. ಏರು ಬಂದಾಗಲೆಲ್ಲ ಕಂಡಕ್ಟರ್ “ಗಂಡಸರು ಇಳೀರಿ” ಎಂದು ಕೂಗುತ್ತಿದ್ದ. ನಮ್ಮ ಕಡೆಯಾದರೆ ಬೈಗುಳ ಶುರುವಾಗುತ್ತಿತ್ತು. ಇಲ್ಲಿ ಜನ ಸುಮ್ಮನೆ ಇಳಿದು, ತಳ್ಳಿ, ಮತ್ತೆ ಹತ್ತಿ, ಬಿಟ್ಟ ಮಾತನ್ನು ಬಿಟ್ಟಲ್ಲಿಂದ ಎತ್ತಿಕೊಳ್ಳುತ್ತಿದ್ದರು.

ಪಕ್ಕದ ರುಮಾಲಿನವರು ನನ್ನ ಊರು, ಮಠ, ಸಂಬಳ, ಮಕ್ಕಳೆಷ್ಟು ಎಂದು ಕೇಳಿ ಮುಗಿಸಿ, “ಯಾತಕ್ಕ ಬಂದೀರಿ?” ಎಂದರು. ಹೊಲದ ಬಿರುಕು ನೋಡಲು ಎಂದೆ. ಅವರು ನಕ್ಕು, ಮುಂದಿನ ಸೀಟಿನವರಿಗೆ “ಹೇಳಬಾರದ್ದು ಏನೋ ಅದ, ಬಿಡ್ರಿ” ಎಂದರು. ಆಮೇಲೆ ದೇವದುರ್ಗದವರೆಗೆ ಆ ಬಸ್ಸಿನಲ್ಲಿ ಯಾರೂ ನನ್ನ ಹತ್ತಿರ ಮಾತಾಡಲಿಲ್ಲ. ನಿಜ ಹೇಳಿ ನಂಬಿಕೆ ಕಳೆದುಕೊಳ್ಳುವುದು ಇಷ್ಟು ಸುಲಭವೆಂದು ಗೊತ್ತಿರಲಿಲ್ಲ.

ದೇವದುರ್ಗ, ಬುಧವಾರ

ಭೀಮಕ್ಕ ಅರವತ್ತರ ಹತ್ತಿರದ ವಿಧವೆ. ತೆಳ್ಳಗಿನ ಮೈ, ಚುರುಕು ಕಣ್ಣು. ಜೋಳ ಕೊಯ್ದ ಹೊಲದಲ್ಲಿ ನಾಲ್ಕು ಕಂಬ ನೆಟ್ಟು ಗರಿ ಹೊದಿಸಿದ ನೆರಳು. ಅದರಡಿ ಮುಕ್ಕಾಲಿಯ ಮೇಲೆ ಕ್ಯಾಮೆರಾ, ಕೊಪ್ಪರಿಗೆಯಲ್ಲಿ ನೀರು, ನೀರಿನ ಮೇಲೆ ಬಟ್ಟಲು. ಬಿರುಕು ನೆರಳಿನಾಚೆ ಬಿಸಿಲಲ್ಲಿತ್ತು. ನಾನು ಅದರೊಳಗೆ ಕಡ್ಡಿ ಇಳಿಸಿ ಆಳ ನೋಡಿದೆ, ಅಂಚನ್ನು ಭೂತಗನ್ನಡಿಯಿಂದ ನೋಡಿದೆ. ಹಾರೆಯ ಗುರುತು ಕಾಣಲಿಲ್ಲ. ಕಾಣಲಿಲ್ಲ ಎಂಬುದು ಇಲ್ಲ ಎಂಬುದಕ್ಕೆ ಪುರಾವೆಯಲ್ಲ.

ಹೊಲ ಉಳುವ ಬಸಣ್ಣ ಕುಕ್ಕರುಗಾಲಲ್ಲಿ ಕೂತು ನನ್ನನ್ನೇ ನೋಡುತ್ತಿದ್ದ.

“ಬಾಯಿ ಬಿಟ್ಟದ್ದನ್ನ ನೋಡಾಕ ಇಷ್ಟು ದೂರ ಬಂದ್ರೇನ್ರಿ ಯಪ್ಪಾ? ನಮ್ಮನಿಗೆ ಬರ್ರಿ, ಅಳಿಯಾ ಬಂದಾನ. ಮೂರು ದಿನದಿಂದ ಹಿಂಗ ಬಾಯಿ ತಕ್ಕೊಂಡು ಕುಂತಾನ.”

“ಯಾರರ ಇದನ್ನ ಅಗದು ದೊಡ್ಡದು ಮಾಡ್ಯಾರೇನು, ಬಸಣ್ಣ?”

“ಎರಿ ಬಾಯಿ ಮುಚ್ಚಸಾಕ ಹೊಡದಾಡಾಕತ್ತೀವಿ ನಾವು, ಎತ್ತಿನ ಕಾಲು ಸಿಗತಾವಂತ. ಇದನ್ನ ದೊಡ್ಡದು ಮಾಡಾಕ ಯಾರಿಗೆ ಹುಚ್ಚು ಹಿಡದದ್ರಿ?”

ಸೂರ್ಯ ಹುಟ್ಟಿದಾಗ ಬಟ್ಟಲು ನೀರಿಗೆ ಬಿಟ್ಟೆ. ಗುಳುಕ್ ಎಂದು ಮುಳುಗಿದಾಗ ಗುಂಡಿ ಒತ್ತಿ, ಟಿಪ್ಪಣಿ ಪುಸ್ತಕದಲ್ಲಿ ಒಂದು ಗೆರೆ ಎಳೆದೆ. ಬಟ್ಟಲು ಎತ್ತಿ ಬರಿದು ಮಾಡಿ ಮತ್ತೆ ಬಿಟ್ಟೆ. ಹೀಗೆ ಹದಿನೈದು ಗೆರೆ. ಆಗ ಭೀಮಕ್ಕ ಊಟದ ಬುತ್ತಿ ಹಿಡಿದು ಬಂದರು.

“ಏಳ್ರಿ ಮಾಸ್ತರ, ಕೈ ತೊಳ್ಕೋರಿ. ಈಗ ಅದನ್ನ ಒತ್ತಬ್ಯಾಡ್ರಿ.”

“ಯಾಕ್ರೀ ಭೀಮಕ್ಕಾ?”

“ಹದಿನೈದು ಗಳಿಗಿ ಆತಲ್ಲ. ಬುಧವಾರ.”

“ಬುಧವಾರ ಆದ್ರ?”

“ಅಯ್ಯ! ಇಷ್ಟು ಓದೀರಿ, ಬುಧವಾರ ರಾಹುಕಾಲ ಯಾವಾಗ ಅನ್ನೋದು ಗೊತ್ತಿಲ್ಲೇನ್ರಿ?”

ಎಂ.ಎ. ಓದಿದ ನನಗೆ ಮೂರು ದಿನ ಹೊಳೆಯದ್ದು ನನ್ನ ಅಜ್ಜಿಗೆ ಪಟ್ಟಿ ನೋಡಿದ ಕ್ಷಣವೇ ಹೊಳೆಯುತ್ತಿತ್ತು. ದಿನಕ್ಕೊಂದು ಜಾಗದ ಬಿಡುವು, ಏಳು ದಿನದ ಸುತ್ತು. ಪ್ರಹ್ಲಾದ ಮುಂಬಯಿಯ ಸಂಘದವರಿಗೆ ಬಿಡುವಿಲ್ಲ ಎಂದು ಬರೆಯುತ್ತಿದ್ದಾಗ, ಇವರು ದಿನಾ ಒಂದೂವರೆ ತಾಸು ಕೈಕಟ್ಟಿ ಕೂತಿದ್ದರು.

“ಶುರು ಮಾಡಿದ್ದು ಛಲೋ ಮುಹೂರ್ತದಾಗ ಅಲ್ರೀ? ನಡು ನಡುವ ರಾಹುಕಾಲ ಯಾಕ?”

“ಒಂದ ಕೆಲಸ ಆಗಿದ್ರ ನಡೀತಿತ್ತು. ಒಂದೊಂದು ಚಿತ್ರಾನೂ ಬ್ಯಾರೆ, ಒಂದಕ್ಕೊಂದು ಸಂಬಂಧ ಇಲ್ಲ ಅಂತ ಅವನ ಹೇಳ್ಯಾನ. ಬ್ಯಾರೆ ಬ್ಯಾರೆ ಅಂದ ಮ್ಯಾಲೆ ಒಂದೊಂದಕ್ಕೂ ಬ್ಯಾರೆ ಆರಂಭ. ಅವನ ಬಾಳ್ವಿ ಪ್ರಶ್ನಾ ಇದು. ರಾಹುಕಾಲದಾಗ ಹ್ಯಾಂಗ ಆರಂಭ ಮಾಡ್ಲಿ, ನೀವ ಹೇಳ್ರಿ?”

ತರ್ಕಶಾಸ್ತ್ರದ ಮಾಸ್ತರನಿಗೆ ಅದರಲ್ಲಿ ತಪ್ಪು ಸಿಗಲಿಲ್ಲ. ಸಿಟ್ಟು ಮಾತ್ರ ಬಂತು. ನಾನು ಎದ್ದು ಹೋಗುವುದಿಲ್ಲ, ಇಲ್ಲೇ ಉಣ್ಣುತ್ತೇನೆ, ರಾಹುಕಾಲದಲ್ಲೇ ಒತ್ತುತ್ತೇನೆ ಎಂದೆ. ಅವರು ಜೋಳದ ರೊಟ್ಟಿ, ಪುಂಡಿಪಲ್ಯ, ಗಟ್ಟಿ ಮೊಸರು ಬಡಿಸಿ ಆಚೆ ಮುಖ ಮಾಡಿ ಕೂತರು. ಬಟ್ಟಲು ಮುಳುಗಿತು, ಎಡಗೈಯಿಂದ ಒತ್ತಿದೆ. ಕೈ ತೊಳೆದು ಬಂದಾಗ ಮತ್ತೆ ಮುಳುಗಿತು, ಒತ್ತಿದೆ. ಮೂರನೆಯ ಸಲ ಒತ್ತುವಾಗ ಭೀಮಕ್ಕ ತುಟಿ ಅಲುಗಿಸುತ್ತ ಏನೋ ಜಪಿಸುತ್ತಿದ್ದರು. ಹದಿನಾರು, ಹದಿನೇಳು, ಹದಿನೆಂಟು. ನನಗೆ ಇಂದಿಗೂ ಇದು ಕಣ್ಣಿಗೆ ಕಟ್ಟಿದಂತಿದೆ.

ಹೊತ್ತು ಇಳಿದಾಗ ಅವರು ಕೇಳಿದರು: “ಅವಗ ಹೇಳ್ತೀರೇನು?”

“ಹೇಳಬೇಕಾಗ್ತದ್ರಿ.”

“ಹೇಳಿದ್ರ ಮುಂಬಯಿದವರು ಕೆಲಸ ಕೊಡಂಗಿಲ್ಲೇನು?”

“ಕೊಡಲಿಕ್ಕಿಲ್ಲ.”

ಅವರು ಕೊಪ್ಪರಿಗೆಯ ಅಂಚನ್ನು ಸೆರಗಿನಿಂದ ಒರೆಸಿದರು. “ಹಂಗಾರ ನಾನ ಕೆಡಿಸಿದಂಗಾತು,” ಎಂದಷ್ಟೇ ಹೇಳಿ ಎದ್ದರು. ಅಂದು ಮೂವತ್ತನೆಯ ಗೆರೆ ಎಳೆದಾಗ ಸೂರ್ಯ ಮುಳುಗುತ್ತಿದ್ದ.

ಮಾನ್ವಿ

ಗುರುವಾರ ನಸುಕಿನಲ್ಲೇ ಬಸಣ್ಣನ ಗಾಡಿಯಲ್ಲಿ ಮಾನ್ವಿಗೆ ಹೊರಟೆವು. ಭೀಮಕ್ಕನೂ ಬಂದರು, ಅಣ್ಣನ ಮನೆಗೆ ಹೋಗಿ ತಾನೇ ತಪ್ಪು ಒಪ್ಪಿಕೊಳ್ಳುತ್ತೇನೆಂದರು. ಕ್ಯಾಮೆರಾವನ್ನು ನಾನು ತೊಡೆಯಿಂದ ಇಳಿಸಲಿಲ್ಲ. ಸಿರವಾರದ ಹತ್ತಿರ ನೀರು ಕುಡಿಯಲು ಇಳಿದಾಗಲೂ ಬಗಲಲ್ಲೇ ಇತ್ತು.

“ಕೂಸಿಗೂ ನೀರು ಕುಡಸ್ರಿ,” ಎಂದ ಬಸಣ್ಣ.

ಪ್ರಹ್ಲಾದನ ತಂದೆ ಆಚಾರ್ಯರು ಗುಡಿಯ ಸೇವೆಯವರು. ಮಾತು ಕಡಿಮೆ. ನನ್ನನ್ನು ನೋಡಿ, “ಸಹಿ ಮಾಡೋ ಮಾಸ್ತರು ಇವರೇನು?” ಎಂದು ಕೇಳಿ ಒಳಗೆ ಹೋದರು. ಮನೆಯ ಉಗ್ರಾಣವೇ ಪ್ರಹ್ಲಾದನ ಕತ್ತಲೆ ಕೋಣೆ. ಬಾಗಿಲ ಸಂದಿಗೆ ಬಟ್ಟೆ ತುರುಕಿ, ಅಕ್ಕಿಯ ಮೂಟೆಗಳ ನಡುವೆ ಆ ರಾತ್ರಿಯೇ ಬೋಗುಣಿಯಲ್ಲಿ ಫಿಲ್ಮು ತೊಳೆದ.

ಶುಕ್ರವಾರ ಬೆಳಿಗ್ಗೆ ಪಟ್ಟಿ ಹಿತ್ತಲಿನ ಹಗ್ಗದ ಮೇಲೆ ಒಣಗುತ್ತಿತ್ತು. ನನ್ನ ಇಡೀ ಬುಧವಾರ ಒಂದು ಗೇಣು ಉದ್ದವಿತ್ತು. ಪ್ರಹ್ಲಾದ ಉಗುರಿನಿಂದ ಎಣಿಸಿದ.

“ಇಪ್ಪತ್ತೇಳು.”

“ಮತ್ತ ಎಣಸು.”

“ನೀನ ಎಣಸು.”

ಎಣಿಸಿದೆ. ಇಪ್ಪತ್ತೇಳು. ಭೂತಗನ್ನಡಿ ತಂದು ಎಣಿಸಿದೆ. ಹದಿನೈದನೆಯ ಚಿತ್ರದಲ್ಲಿ ಕಡ್ಡಿಯ ನೆರಳು ಎಲ್ಲಕ್ಕಿಂತ ಗಿಡ್ಡ. ಅದರ ಪಕ್ಕದ ಚಿತ್ರದಲ್ಲಿ ನೆರಳು ಒಮ್ಮೆಲೇ ನಾಲ್ಕು ಹೆಜ್ಜೆ ಮೂಡಣಕ್ಕೆ ಹಾರಿತ್ತು. ನಾನು ಹಟ ಹಿಡಿದು ಒತ್ತಿದ ಆ ಮೂರೇ ಇರಲಿಲ್ಲ.

ಟಿಪ್ಪಣಿ ಪುಸ್ತಕ ತೆಗೆದು ತೋರಿಸಿದೆ. ಮೂವತ್ತು ಗೆರೆ, ಐದೈದರ ಆರು ಕಟ್ಟು. ರಾಹುಕಾಲದ ಕಥೆಯನ್ನೂ ಆಗಲೇ ಹೇಳಬೇಕಾಯಿತು. ಪ್ರಹ್ಲಾದ ಮೊದಲು ಅತ್ತೆಯನ್ನು ನೋಡಿದ, ಆಮೇಲೆ ನನ್ನನ್ನು. ಆಮೇಲೆ ಹೊಟ್ಟೆ ಹಿಡಿದುಕೊಂಡು ನಕ್ಕ.

“ಬರದುಕೊಡು ಶಾಮ್ಯಾ! ಧಾರವಾಡದ ತರ್ಕದ ಮಾಸ್ತರು ಶಾಸ್ತ್ರೋಕ್ತ ರಾಹುಕಾಲ ಪಾಲಿಸಿದರು ಅಂತ ಬರದುಕೊಡು!”

“ನಾ ಒತ್ತೀನಿ. ಭೀಮಕ್ಕನ ಎದುರಿಗೆ ಒತ್ತೀನಿ. ಕೇಳು ಬೇಕಾದ್ರ.”

ಭೀಮಕ್ಕ ತುಳಸಿಗೆ ನೀರು ಹಾಕುತ್ತಿದ್ದರು. ತಿರುಗದೆಯೇ ಹೇಳಿದರು: “ನೀವು ಮೊಸರು ಉಂಡು ಕಂಬಕ್ಕ ಒರಗಿದ್ರಿ, ಮಾಸ್ತರ. ಬಟ್ಟಲಾ ಮುಳುಗಿ ಅಲ್ಲೇ ಇತ್ತು. ನಾ ಎಬ್ಬಿಸಲಿಲ್ಲ. ರಾಹುಕಾಲ ದಾಟಿದ ಮ್ಯಾಲೆ ಕೆಮ್ಮಿದೆ. ಎದ್ರಿ.”

“ಸುಳ್ಳು!” ಎಂದುಬಿಟ್ಟೆ.

ಅವರಿಗೆ ಸಿಟ್ಟು ಬರಲಿಲ್ಲ. “ಸುಳ್ಳು ಹೇಳಿದ್ರ ನಂಗೇನು ಸಿಗ್ತದ್ರಿ? ನೀವು ಎಲ್ಲಾ ಒತ್ತೀರಿ ಅಂದ್ರನ ನಮ್ಮ ಹುಡುಗನ ಕೆಲಸಕ್ಕ ಛಲೋ.”

ಹಾಗಾದರೆ ಆ ಮೂರು ಗೆರೆ ಎಳೆದವರು ಯಾರು? ಎಚ್ಚರಾದಾಗ ಗಾಬರಿಯಲ್ಲಿ ನಾನೇ ಎಳೆದು, ಆಮೇಲೆ ಗೆರೆಗೆ ತಕ್ಕ ನೆನಪು ಕಟ್ಟಿಕೊಂಡೆನೆ? ಕ್ಯಾಮೆರಾದ ಕೀಲಿ ಮುಗಿದು ಗುಂಡಿ ಸುಮ್ಮನೆ ಒತ್ತಿಕೊಂಡಿತೆ? ಹಾಗಿದ್ದರೆ ಹತ್ತೊಂಬತ್ತನೆಯದಕ್ಕೆ ಕೀಲಿ ಕೊಟ್ಟವರು ಯಾರು? ಎಡಗೈಯ ಬೆರಳಿಗೆ ತಾಗಿದ ಕಾದ ಲೋಹ ನನಗೆ ನೆನಪಿದೆ. ನಿದ್ದೆ ಮಾಡಿದ್ದು ನೆನಪಿಲ್ಲ. ನಿದ್ದೆ ಮಾಡಿದ್ದು ಯಾರಿಗೆ ನೆನಪಿರುತ್ತದೆ?

ನಗು ಮುಗಿದ ಮೇಲೆ ಪ್ರಹ್ಲಾದ ಜಗಲಿಯ ಮೇಲೆ ಕೂತ. ಅವನ ಮುಂದೆ ಮುಂಬಯಿಯವರ ಕಾಗದವಿತ್ತು. ‘ಪ್ರತಿ ಗಳಿಗೆಗೆ ಒಂದರಂತೆ, ನಡುವೆ ಬಿಡುವಿಲ್ಲದೆ’ ಎಂಬ ಅರ್ಥದ ಸಾಲು, ಕೆಳಗೆ ಸಹಿಯ ಜಾಗ.

“ಕೊಡು, ಸಹಿ ಮಾಡ್ತೀನಿ,” ಎಂದೆ.

“ಬಿಡುವಿಲ್ಲದ ಅಂತ ಬರದದ.”

“ಇರಲಿ. ಬಿರುಕು ಖರೇ ಅದ. ಕಡ್ಡಿ ಇಳಿಸಿ ನೋಡೀನಿ. ಯಾರೂ ಅಗದಿಲ್ಲ. ಯಾರು ಪಟ್ಟಿ ಎಣಸ್ತಾರ ಅಲ್ಲಿ?”

“ನೀ ಎಣಸಿದೆಲ್ಲ.” ಅವನು ಪಟ್ಟಿಯನ್ನೂ ನನ್ನ ಪುಸ್ತಕವನ್ನೂ ಪಕ್ಕ ಪಕ್ಕ ಇಟ್ಟ. “ನಿನ್ನ ಸಹಿ ನಂಬಲೇನು, ನನ್ನ ಚಿತ್ರ ನಂಬಲೇನು? ಒಂದನ್ನ ನಂಬಿದ್ರ ಇನ್ನೊಂದು ಸುಳ್ಳಾಗ್ತದ.”

ಅವನು ಬೇರೆ ಹಾಳೆ ತೆಗೆದುಕೊಂಡು ಬರೆದ. ವಾರದ ಯಾವ ದಿನ ಯಾವ ಹೊತ್ತಿನಲ್ಲಿ ಚಿತ್ರಗಳಿಲ್ಲ, ಯಾಕಿಲ್ಲ. ಬುಧವಾರದ ಮೂರು ಚಿತ್ರಗಳ ಎದುರಿಗೆ ‘ಕಾರಣ ತಿಳಿದಿಲ್ಲ’ ಎಂದು ಬರೆದ. ಆಚಾರ್ಯರು ಹೊರಗೆ ಬಂದು ಅದನ್ನು ಓದಿದರು.

“ಇದನ್ನ ಕಳಿಸಿದ್ರ ಅವರು ಕರೀತಾರೇನು?”

“ಇಲ್ಲಪ್ಪಾ.”

“ಮತ್ತ ಯಾಕ ಕಳಸ್ತಿ?”

“ಹಿಂಗ ಆಗ್ಯದ, ಅದಕ್ಕ.”

ಮಗನನ್ನು ಸೇವೆಗೆ ಪಡೆದ ತಂದೆಯ ಮುಖದಲ್ಲಿ ಸಂತೋಷ ಹುಡುಕಿದೆ, ಸಿಗಲಿಲ್ಲ. ಅವರು ಒಳಗೆ ಹೋಗಿ ಲೋಟದಲ್ಲಿ ಹಾಲು ತಂದು ಅವನ ಪಕ್ಕ ಇಟ್ಟರು. ನಾನು ಆ ಹಾಳೆಗೆ ಸಹಿ ಮಾಡಿದೆ. ಪ್ರಹ್ಲಾದ ನನ್ನ ಹೆಸರಿನ ಮೇಲಿದ್ದ ‘ಸಾಕ್ಷಿ’ ಎಂಬುದನ್ನು ಹೊಡೆದು ‘ಗುಂಡಿ ಒತ್ತಿದವರಲ್ಲಿ ಒಬ್ಬ’ ಎಂದು ಬರೆದ. ಅವನ ಹೆಸರಿನ ಕೆಳಗೆ ಭೀಮಕ್ಕನ ಹೆಸರು, ಅದರ ಕೆಳಗೆ ನನ್ನದು.

ಮರಳಿ ಧಾರವಾಡ

ಮುಂಬಯಿಯವರು ಎರಡು ಸಾಲಿನ ಉತ್ತರ ಬರೆದರು. ಬಿಡುವಿರುವ ದಾಖಲೆ ತಮಗೆ ಉಪಯೋಗವಿಲ್ಲವಂತೆ. ಯುಗಾದಿಯಿಂದ ಪ್ರಹ್ಲಾದ ಮಾನ್ವಿಯ ಗುಡಿಯಲ್ಲಿ ಸೇವೆಗೆ ನಿಂತಿದ್ದಾನೆ. ನಾನು ಹೋಗದೆ ಧಾರವಾಡದಿಂದಲೇ ಸಹಿ ಮಾಡಿ ಕಳಿಸಿದ್ದರೆ ಅವನು ಇಂದು ಮುಂಬಯಿಯಲ್ಲಿರುತ್ತಿದ್ದ. ಇದೊಂದರಲ್ಲಿ ಮಾತ್ರ ನನಗೆ ಸಂಶಯವಿಲ್ಲ.

ಈ ಶ್ರಾವಣದಲ್ಲಿ ಅವನ ಕಾರ್ಡು ಬಂತು. ಬೇಸರದ ಮಾತು ಒಂದೂ ಇಲ್ಲ. ನನ್ನ ಟಿಪ್ಪಣಿ ಪುಸ್ತಕದ ಆ ಹಾಳೆ ಬೇಕಂತೆ. ಕ್ಯಾಮೆರಾದಲ್ಲಿ ಇನ್ನೊಂದು ಗೇಣು ಫಿಲ್ಮು ಉಳಿದಿದೆಯಂತೆ. ಮೂವತ್ತು ಗೆರೆಗಳ ಚಿತ್ರವನ್ನು ಒಂದೊಂದಾಗಿ ತೆಗೆದು ಇಪ್ಪತ್ತೇಳು ಚಿತ್ರಗಳ ಮುಂದೆ ಜೋಡಿಸುತ್ತಾನಂತೆ. ‘ಭೂಮಿಯ ಬಿರುಕು ಎಲ್ಲರಿಗೂ ಗೊತ್ತು, ಈ ಬಿರುಕನ್ನು ಯಾರೂ ತೆಗೆದಿಲ್ಲ’ ಎಂದು ಬರೆದಿದ್ದಾನೆ.

ನಿನ್ನೆ ಆ ಹಾಳೆಯನ್ನು ಹರಿದು ಲಕೋಟೆಯಲ್ಲಿಟ್ಟೆ. ಅಂಟಿಸುವ ಮೊದಲು ಗೆರೆಗಳ ಮೇಲೆ ಬೆರಳಾಡಿಸಿ ಎಣಿಸಿದೆ. ಒಂದೊಂದು ಗೆರೆಗೂ ಬಟ್ಟಲು ಮುಳುಗಿದ ಸದ್ದು ಕಿವಿಯಲ್ಲಿ ಕೇಳಿಸಿತು. ಹದಿನಾರಕ್ಕೂ ಕೇಳಿಸಿತು. ಹದಿನೇಳಕ್ಕೂ, ಹದಿನೆಂಟಕ್ಕೂ.